ಜಾತ್ರೆಯ ಸಾಕ್ಷ್ಯಚಿತ್ರ: ಲೆನ್ಸಿಗಿಂತ ಮೊದಲು ಮೈಕು

ಸವದತ್ತಿ ಯಲ್ಲಮ್ಮನ ಗುಡ್ಡಕ್ಕೆ ಸಾಕ್ಷ್ಯಚಿತ್ರ ಮಾಡಲು ಹೊರಟ ಸ್ವತಂತ್ರ ನಿರ್ದೇಶಕರು ಮೊದಲು ಬಾಡಿಗೆಗೆ ಹುಡುಕುವುದು ದುಬಾರಿ ಲೆನ್ಸು. ಆ ದುಡ್ಡು ರೆಕಾರ್ಡರಿಗೆ, ಅದನ್ನು ನೋಡಿಕೊಳ್ಳುವ ಒಬ್ಬರ ಪಗಾರಕ್ಕೆ ಹೋಗಬೇಕು. ಬನದ ಹುಣ್ಣಿಮೆ, ಭರತ ಹುಣ್ಣಿಮೆಯ ಜಾತ್ರೆಯ ಗದ್ದಲದಲ್ಲಿ ಚಿತ್ರ ಹೇಗೋ ಸಿಗುತ್ತದೆ. ಹಾಡು ಹಾಗೆ ಸಿಗುವುದಿಲ್ಲ.

ಯಲ್ಲಮ್ಮನ ಪದ ಹಾಡುವ ಚೌಡಕಿ ಮೇಳವೆಂದರೆ ಒಂಟಿ ತಂತಿಯ ವಾದ್ಯ ಚೌಡಕಿ, ಶ್ರುತಿ ಹಿಡಿಯುವ ಸುತ್ತಿ, ತಾಳ, ಮೇಲೆ ದನಿ. ಕ್ಯಾಮೆರಾದ ಮೈಕು ತಾಳವನ್ನೇ ಹಿಡಿದು ಪದವನ್ನು ನುಂಗಿಬಿಡುತ್ತದೆ. ಹಾಡುವವರ ಬಾಯಿಂದ ಒಂದೂವರೆ ಅಡಿಯಲ್ಲಿ ಒಂದು ಮೈಕು, ಚೌಡಕಿಗೆ ಇನ್ನೊಂದು, ಎರಡಕ್ಕೂ ಬೇರೆ ಟ್ರ್ಯಾಕು. ಕಾಲರ್ ಮೈಕನ್ನು ಎದೆಗೆ ಸಿಕ್ಕಿಸಬೇಡಿ, ಕವಡೆ ಸರ ಉಜ್ಜಿ ಇಡೀ ಹಾಡು ಕರಕರ ಅನ್ನುತ್ತದೆ. ರೆಕಾರ್ಡರನ್ನು 48 ಕಿಲೋಹರ್ಟ್ಜ್, 24 ಬಿಟ್‌ನಲ್ಲಿಟ್ಟು, ಗಟ್ಟಿ ದನಿಯ ಎತ್ತುಗಡೆಯೂ ಮೀಟರಿನಲ್ಲಿ ಮೈನಸ್ 12 ಡೆಸಿಬಲ್ ಆಚೀಚೆ ನಿಲ್ಲುವಂತೆ ನೋಡಿ. ಪಕ್ಕದಲ್ಲಿ ಒಮ್ಮೆಲೇ 'ಉಧೋ ಉಧೋ' ಎದ್ದಾಗ ಧ್ವನಿ ಒಡೆಯುತ್ತದೆ. ಅದಕ್ಕಾಗಿ ಅದೇ ದನಿಯನ್ನು 10 ಡೆಸಿಬಲ್ ಕಡಿಮೆ ಮಟ್ಟದಲ್ಲಿ ಹಿಡಿಯುವ ಇನ್ನೊಂದು ಟ್ರ್ಯಾಕು ಜೊತೆಗಿರಲಿ. ದನಿಯ ಮಟ್ಟವನ್ನು ತಾನೇ ಏರಿಳಿಸುವ ಆಟೋ ಲೆವೆಲ್ ಬಂದ್ ಮಾಡಿ. ಅದು ಹಾಡಿನ ನಡುವಿನ ಮೌನದಲ್ಲಿ ಜನರೇಟರಿನ ಗುಂಯ್‌ ಸದ್ದನ್ನು ಮೇಲೆತ್ತುತ್ತದೆ.

ಇನ್ನು ಎಡಿಟಿಂಗಿನಲ್ಲಿ ತಲೆ ಕೆಡಿಸುವ ವಿಷಯ. 'ಇನ್ನೊಮ್ಮೆ ಹಾಡ್ರೀ' ಅಂತ ಕೇಳಿ ಎರಡು ಸಲ ತೆಗೆದುಕೊಂಡ ಪದ ಒಂದಕ್ಕೊಂದು ಕೂಡುವುದೇ ಇಲ್ಲ. ಎರಡನೇ ಸಲಕ್ಕೆ ಚೌಡಕಿಯ ತಂತಿಯ ಬಿಗಿ ಬದಲಾಗಿರುತ್ತದೆ, ಲಯವೂ ಏರಿರುತ್ತದೆ. ರೆಕಾರ್ಡರ್ ಮೊದಲಿಂದ ಕೊನೆಯವರೆಗೆ ನಿಲ್ಲದೆ ಓಡಲಿ, ಕ್ಯಾಮೆರಾ ಮಾತ್ರ ಜಾಗ ಬದಲಿಸಲಿ: ಮುಖ, ತಂತಿ ಮೀಟುವ ಬೆರಳು, ಕೇಳುವವರು. ಕ್ಯಾಮೆರಾ ಬಂದ್ ಮಾಡಿ ಮತ್ತೆ ಹಚ್ಚಿದಾಗಲೆಲ್ಲ ಒಂದು ಚಪ್ಪಾಳೆ ಹೊಡೆದರೆ ಹೊಂದಿಸುವುದು ಸಲೀಸು.

ಭಕ್ತರು ಎರಚುವ ಭಂಡಾರ, ಅಂದರೆ ಅರಿಷಿಣ ಪುಡಿ, ಕ್ಯಾಮೆರಾದ ವೈರಿ. ಎರಚುವ ಜಾಗದಲ್ಲಿ ಲೆನ್ಸ್ ಬದಲಿಸಿದರೆ ಅರಿಷಿಣ ಸೆನ್ಸರ್ ಮೇಲೆ ಕೂರುತ್ತದೆ. ಗಾಜಿನ ಮೇಲೆ ಬಿದ್ದದ್ದನ್ನು ಬ್ಲೋವರಿನಿಂದ ಊದಬೇಕು. ಬಟ್ಟೆಯಿಂದ ಒರೆಸಿದರೆ ಹಳದಿ ಜಿಡ್ಡು ಹರಡುತ್ತದೆ. ಯುವಿ ಫಿಲ್ಟರ್ ಹಾಕಿಕೊಂಡೇ ಒಳಗೆ ಹೋಗಿ.

ಬೆಳಕಿನ ಲೆಕ್ಕ ಸರಳ. ಸೆಕೆಂಡಿಗೆ 25 ಫ್ರೇಮು, 1/50 ಸೆಕೆಂಡಿನ ಶಟರ್ ಇದ್ದರೆ ನಮ್ಮ 50 ಹರ್ಟ್ಜ್ ಕರೆಂಟಿನ ದೀಪಗಳು ಸಾಮಾನ್ಯವಾಗಿ ಮಿಣುಕುವುದಿಲ್ಲ. ನಡುಮಧ್ಯಾಹ್ನದ ಬಿಸಿಲಲ್ಲಿ ಇದೇ ಶಟರಿಗೆ ಐಎಸ್‌ಒ 100ರಲ್ಲಿ ಎಫ್ 4ರಷ್ಟು ಲೆನ್ಸ್ ತೆರೆಯಬೇಕೆಂದರೆ ಬೆಳಕು ತಗ್ಗಿಸುವ ಎನ್‌ಡಿ 32 ಫಿಲ್ಟರ್ ಬೇಕು. ಡ್ರೋನ್ ಶಾಟು ಒಂದಿದ್ದರೆ ಬೇಕಾದಷ್ಟಾಯಿತು, ಅದೂ ಅನುಮತಿ ಸಿಕ್ಕರೆ.

ಮೇಳಕ್ಕೆ ಕೊಡುವ ಹಣವನ್ನು ಕಾಣಿಕೆಯಂತೆ ಕೊನೆಗೆ ಕೈಗಿಡಬೇಡಿ, ಮೊದಲೇ ಮಾತಾಡಿ. ಒಪ್ಪಿಗೆ ಪತ್ರ ಓದಲು ಬಾರದವರಿಗೆ ಅದನ್ನು ಓದಿ ಹೇಳಿ, ಅವರ 'ಹೂಂ' ಅನ್ನು ವಿಡಿಯೊದಲ್ಲಿ ಹಿಡಿದಿಡಿ. ಗುಡ್ಡದ ಎಣ್ಣೆಹೊಂಡದಲ್ಲಿ ಜಳಕ ಮಾಡುವವರ ಕಡೆಗೆ ಕ್ಯಾಮೆರಾ ತಿರುಗಿಸುವುದೇ ಬೇಡ.

ಹಕ್ಕಿನ ತಂಟೆ ಬರುವುದು ಹಳೆಯ ಪದಗಳಿಂದಲ್ಲ. 1889ರಲ್ಲಿ ತೀರಿಕೊಂಡ ಶಿಶುನಾಳ ಶರೀಫರ ತತ್ವಪದಗಳನ್ನು ಯಾರು ಬೇಕಾದರೂ ಹಾಡಬಹುದು, ಆದರೆ ಅವುಗಳ ಕ್ಯಾಸೆಟ್ ಧ್ವನಿಮುದ್ರಣಕ್ಕೆ ಬಿಡುಗಡೆಯಾದ ಮೇಲೆ 60 ವರ್ಷ ಹಕ್ಕುಸ್ವಾಮ್ಯವಿದೆ. ಸಂದರ್ಶನದ ಹಿಂದೆ ಅಂಗಡಿಯ ಲೌಡ್‌ಸ್ಪೀಕರಿನಲ್ಲಿ ಅಂಥದ್ದೊಂದು ಬಂದರೆ ಯೂಟ್ಯೂಬಿನಲ್ಲಿ ಹಕ್ಕುಸ್ವಾಮ್ಯದ ಕ್ಲೇಮು ಬೀಳಬಹುದು, ಮಾತಿನಿಂದ ಅದನ್ನು ಬೇರ್ಪಡಿಸುವುದು ಹರಸಾಹಸ. ಸಂದರ್ಶನಗಳನ್ನು ನಸುಕಿನಲ್ಲಿ, ಅಂಗಡಿ ತೆರೆಯುವ ಮೊದಲೇ ಮುಗಿಸಿ.