ಲಗ್ನದ ಕ್ಯಾಸೆಟ್ಟಿನ್ಯಾಗ ಸಿಕ್ಕ ಮೀಟರ್‌ಗೇಜ್ ರೈಲು

ಹುಬ್ಬಳ್ಳಿ–ಗದಗ ಮೀಟರ್‌ಗೇಜ್ ರೈಲಿನ ಮ್ಯಾಲೆ ಒಂದು ಸಣ್ಣ ಡಾಕ್ಯುಮೆಂಟರಿ ಮಾಡಾಕತ್ತೀನಿ. ನೆನಪು ಹೇಳೋರು ಬೇಕಾದಷ್ಟು ಮಂದಿ ಸಿಕ್ರು, ಆ ರೈಲು ಓಡೋ ಹಳೇ ವಿಡಿಯೋ ಮಾತ್ರ ಸಿಗವಲ್ದು. 90ರ ದಶಕದಾಗ ಲೈನ್ ಬ್ರಾಡ್‌ಗೇಜ್ ಆತು, ಎರಡು ಹಳಿ ನಡುವಿನ ಅಂತರ 1000 ಮಿಲಿಮೀಟರ್ ಇದ್ದದ್ದು 1676 ಆತು, ಹಳೇ ಡಬ್ಬಿ ಎಲ್ಲಾ ಹೋದವು. ಒಂದು ಫುಟೇಜ್ ಏಜೆನ್ಸಿಯವರು ಉಗಿಬಂಡಿದು ಚಂದನ್ನ ಕ್ಲಿಪ್ ಕಳಿಸಿದ್ರು, ಯಾವ ಊರು ಅಂತ ನೋಡಿದ್ರ ಬರೇ ‘ಭಾರತ’ ಅಂತ ಬರದಿತ್ತು. ನಮ್ಮ ಎಡಿಟರ್ ‘ಯಾರಿಗೆ ಗೊತ್ತಾಗ್ತೈತೋ, ಹಾಕಿಬಿಡು’ ಅಂದ. ಇದೇ ಲೈನಿನ ಅಣ್ಣಿಗೇರಿ ಸ್ಟೇಷನ್ನಿನ್ಯಾಗ ದಿನಾ ಗಾಡಿ ಕಾದು ಕಾಲೇಜಿಗೆ ಹೋದವರಿಗೆ ಗೊತ್ತಾಗ್ತೈತಿ. ನಾ ಹಾಕಲಿಲ್ಲ.

1948ರಾಗ ಶುರುವಾದ ಸರಕಾರದ ಡಾಕ್ಯುಮೆಂಟರಿ ಸಂಸ್ಥೆ ಫಿಲ್ಮ್ಸ್ ಡಿವಿಷನ್ನಿನ ಸಂಗ್ರಹ, 1964ರ ಪುಣೆ ಫಿಲ್ಮ್ ಆರ್ಕೈವ್, ಅಲ್ಲೆಲ್ಲಾ ಹುಡುಕೂದು ಬೇಕೇ ಬೇಕು ಖರೆ, ನನಗ ಬೇಕಾದದ್ದು ಸಿಕ್ಕಿದ್ದು ಬೆಟಗೇರಿಯ ಒಬ್ಬ ಕಾಕೂ ಅವರ ಟ್ರಂಕಿನ್ಯಾಗ. ‘ನಮ್ಮ ಬೀಗರು ಹುಬ್ಬಳ್ಳಿಯಿಂದ ರೈಲಿನ್ಯಾಗ ಬಂದಿದ್ರಪಾ, ಇದ್ರಾಗ ಇರಬೇಕು ನೋಡು’ ಅಂತ ತಮ್ಮ ಲಗ್ನದ ವಿಎಚ್‌ಎಸ್ ಕ್ಯಾಸೆಟ್ ಕೊಟ್ರು. ಟೇಪಿನ ಮ್ಯಾಲೆ ಬಿಳೇ ಬೂಷ್ಟು. ಹಂಗ ವಿಸಿಆರ್‌ಗೆ ಹಾಕಿದ್ರ ಟೇಪೂ ಹಾಳು, ಟೇಪ್ ಓದೋ ಹೆಡ್ಡೂ ಹಾಳು, ಆಮ್ಯಾಲೆ ಹಾಕೋ ಕ್ಯಾಸೆಟ್ಟಿಗೂ ಹತ್ತತೈತಿ, ಅದಕ್ಕ ಹುಬ್ಬಳ್ಳಿಯಾಗ ರಿಪೇರಿ ಮಾಡೋ ಅಣ್ಣಾರ ಮುಂದ ಕೂತು ಸ್ವಚ್ಛ ಮಾಡಿಸಿನೇ ಕಂಪ್ಯೂಟರಿಗೆ ಕ್ಯಾಪ್ಚರ್ ಮಾಡಿದೆ.

ಗಣಪತಿ ಫೋಟೋ, ಲಗ್ನಪತ್ರಿಕೆ ಮುಗದ ಕೂಡ್ಲೆ ಗದಗ ಸ್ಟೇಷನ್! ಬೀಗರು ಇಳಿಯಾಕತ್ತಾರ, ಹಿಂದ ಆ ಸಣ್ಣ ಗಾಡಿ. 40 ಸೆಕೆಂಡ್. ಪತ್ರಿಕೆಯಾಗ ತಾರೀಖೂ ಇತ್ತು, 1991. ಕಾಕೂ ನೋಡಿ ‘ಅಕಿ ನಮ್ಮತ್ತಿ, ಹಸಿರು ಸೀರಿ’ ಅಂದವರು ಮುಂದ ಮಾತಾಡಲಿಲ್ಲ.

ಆವಾಜ್ ಮಾತ್ರ ಇಲ್ಲ. ವಿಡಿಯೋದವರು ಅದನ್ನ ಅಳಿಸಿ ಸಿನಿಮಾ ಹಾಡು ಹಾಕ್ಯಾರ, ಆವಾಗ ಹಂಗ ಮಾಡ್ತಿದ್ರು. ಗಾಡಿ ಸೀಟಿ, ಹಮಾಲರ ಕೂಗು ಎಲ್ಲಾ ಹೋತು, ಭಾಳ ಸಂಕಟ ಆತು. ಹಾಡಿನ ಹಕ್ಕು ಬ್ಯಾರೆಯವರದು, ಹಂಗಾಗಿ ಸಿನಿಮಾದಾಗ ಅಷ್ಟೂ ಹೊತ್ತು ಮೌನನ ಇಡ್ತೀನಿ, ಬ್ಯಾರೆ ರೈಲಿನ ಸೌಂಡ್ ಹಚ್ಚಂಗಿಲ್ಲ.

ಚಿತ್ರದ ಹಕ್ಕು ವಿಡಿಯೋದವರದು ಅಂತ ಭಾಳ ಮಂದಿ ತಿಳಕೊಂಡಾರ. 1957ರ ಕಾಪಿರೈಟ್ ಕಾಯ್ದೆಯ 17ನೇ ಕಲಮಿನ ಪ್ರಕಾರ, ಬ್ಯಾರೆ ಕರಾರು ಇರದಿದ್ರ, ರೊಕ್ಕ ಕೊಟ್ಟು ಮಾಡಿಸಿದವರೇ ಮೊದಲ ಮಾಲೀಕರು. ರೊಕ್ಕ ಕೊಟ್ಟಿದ್ದು ಕಾಕೂ ಅವರ ಅಪ್ಪ, ಅವರು ಈಗಿಲ್ಲ, ಅದಕ್ಕ ಕಾಕೂದು, ಅವರ ಇಬ್ಬರು ತಮ್ಮಂದಿರದು ಸಹಿ ತಗೊಂಡೆ, ಯಾವ 40 ಸೆಕೆಂಡ್, ಎಲ್ಲೆಲ್ಲಿ ತೋರಸ್ತೀವಿ ಅಂತ ಬರದು. ಮತ್ತ ದಯಮಾಡಿ, ಚೌಕ ಇರೋ ಹಳೇ ಚಿತ್ರನ ಅಗಲ ಎಳದು ಮಂದಿನ ದಪ್ಪ ಮಾಡಬ್ಯಾಡ್ರಿ, ಬಾಜೂಕ ಕಪ್ಪು ಬಿಟ್ರ ಏನೂ ಆಗಂಗಿಲ್ಲ.

ಕಾಕೂಗ ಪೂರ್ತಿ ಲಗ್ನ ಪೆನ್‌ಡ್ರೈವಿಗೆ ಹಾಕಿ ಕೊಟ್ಟೀನಿ, ಆ ಹಾಡು ಸಮೇತ.