ಡಿಸ್ಕ್ ಟೂ ಡ್ರೈವಿನ ಕರಕರ ಸದ್ದು
ಹಳೆಯ ಆಪಲ್ ಟೂ ಗಣಕದ ವಿಡಿಯೊವೊಂದನ್ನು ನೋಡುತ್ತಿದ್ದಾಗ, ಅದರ ಫ್ಲಾಪಿ ಡ್ರೈವ್ ಆರಂಭದಲ್ಲಿ ಹೊರಡಿಸುವ ಕರಕರ ಸದ್ದು ನನ್ನ ಗಮನ ಸೆಳೆಯಿತು. 1978ರಲ್ಲಿ ಬಂದ ಈ ಡಿಸ್ಕ್ ಟೂ ಡ್ರೈವಿಗಾಗಿ ಆಪಲ್ ಸಹಸ್ಥಾಪಕ ಸ್ಟೀವ್ ವೋಜ್ನಿಯಾಕ್ ಅವರು, ಶುಗಾರ್ಟ್ ಕಂಪನಿಯ ಐದೂಕಾಲು ಇಂಚಿನ ಡ್ರೈವಿನ ಬಹುಪಾಲು ಸರ್ಕ್ಯೂಟನ್ನು ತೆಗೆದುಹಾಕಿ, ನಿಯಂತ್ರಣದ ಕೆಲಸವನ್ನು ಎಂಟೇ ಚಿಪ್‌ಗಳ ಕಾರ್ಡಿಗೂ ಉಳಿದುದನ್ನು ತಂತ್ರಾಂಶಕ್ಕೂ ವಹಿಸಿದರು. ಡಿಸ್ಕನ್ನು ಓದಿ ಬರೆಯುವ ಹೆಡ್ ಸೊನ್ನೆಯ ಟ್ರ್ಯಾಕಿಗೆ, ಅಂದರೆ ಡಿಸ್ಕಿನ ಅತ್ಯಂತ ಹೊರಗಿನ ವೃತ್ತಪಥಕ್ಕೆ, ಬಂದಿದೆಯೆಂದು ತಿಳಿಸುವ ಸಂವೇದಕವೂ ಇದರಲ್ಲಿ ಇಲ್ಲದ ಕಾರಣ, ಗಣಕವು ಚಾಲೂ ಆದೊಡನೆ, ಕತ್ತಲಲ್ಲಿ ಗೋಡೆ ಸಿಗುವವರೆಗೆ ನಡೆಯುವವರಂತೆ, ಹೆಡ್ಡನ್ನು ಹಿಂದಕ್ಕೆ ತಳ್ಳುತ್ತಲೇ ಹೋಗುತ್ತದೆ. ಅದು ಕೊನೆಯ ತಡೆಗೆ ಮತ್ತೆ ಮತ್ತೆ ಬಡಿಯುವ ಸದ್ದೇ ಆ ಕರಕರ. ಕೇಳಿದವರಿಗೆ ಯಂತ್ರವೇ ಮುರಿಯಿತೇನೋ ಎನ್ನಿಸಿದರೆ ಆಶ್ಚರ್ಯವಿಲ್ಲ.

ನನಗೆ ಇನ್ನೂ ಹೆಚ್ಚು ಮೆಚ್ಚುಗೆಯಾದದ್ದು 1980ರ ಬದಲಾವಣೆ. ಡ್ರೈವನ್ನಾಗಲಿ ಡಿಸ್ಕನ್ನಾಗಲಿ ಬದಲಿಸದೆ, ಕಾರ್ಡಿನ ಎರಡು ಚಿಪ್‌ಗಳನ್ನು ಬದಲಿಸಿ, ಡಿಸ್ಕನ್ನು ನಿರ್ವಹಿಸುವ ಹೊಸ ತಂತ್ರಾಂಶ ಡಾಸ್ 3.3 ಹಾಕಿಕೊಂಡರೆ ಸಾಕು, 35 ಟ್ರ್ಯಾಕುಗಳ ಅದೇ ಡಿಸ್ಕಿನಲ್ಲಿ ಟ್ರ್ಯಾಕಿಗೆ 13ರ ಬದಲು 16 ಸೆಕ್ಟರುಗಳು (ಟ್ರ್ಯಾಕಿನ ತುಂಡುಗಳು) ಹಿಡಿಸುತ್ತಿದ್ದವು. ಸುಮಾರು 114 ಕಿಲೋಬೈಟ್ ಇದ್ದ ಜಾಗ 140 ಆಗುತ್ತಿತ್ತು. ಆ 26 ಕಿಲೋಬೈಟ್ ಇಂದು ನಗೆಪಾಟಲಿನ ಮಾತಾದರೂ, ಆ ಗಣಕಗಳ ಮುಖ್ಯ ಬೋರ್ಡಿನ ಸ್ಮರಣೆಯೇ ಹೆಚ್ಚೆಂದರೆ 48 ಕಿಲೋಬೈಟ್ ಇದ್ದ ಕಾಲಕ್ಕೆ ಅದು ಸಣ್ಣ ಲಾಭವಾಗಿರಲಿಲ್ಲ.