ಎವಿ ರೂಮಿನ ಮಾಯಾ ಡೆರೆನ್, ನಮ್ಮ ಬ್ಯಾಚಿನ ಪ್ರಭಾವತಿ

ಮ್ಯಾಗಜೀನಿಗೆ ಎಂತಾದ್ರೂ ಬರೀರಿ ಅಂತ ಕೇಳಿದ್ರು, ಕ್ಯಾಂಟೀನು ಬಂಕು ಎಲ್ಲ ಉಳಿದವರು ಬರೀತಾರೆ, ನಾನು ಪ್ರಭಾವತಿ ಬಗ್ಗೆ ಬರೀತೇನೆ. ಹೆಸರು ಹಾಕ್ಬೇಡ ಅಂದಿದ್ದಾನೆ, ಆದ್ರೆ ಬ್ಯಾಚಿನವರಿಗೆ ಗೊತ್ತಾಗ್ತದೆ, ರಾತ್ರಿ ಯಕ್ಷಗಾನದ ಆಟದಲ್ಲಿ ಸ್ತ್ರೀವೇಷ ಮಾಡಿ ಬೆಳಿಗ್ಗೆ ಕಿವಿ ಹಿಂದೆ ಬಣ್ಣ ಉಳಿಸ್ಕೊಂಡೇ ಉಡುಪಿ ಬಸ್ಸು ಹತ್ತಿ ಕ್ಲಾಸಲ್ಲಿ ನಿದ್ದೆ ಹೊಡೀತಿದ್ದವನು ಅವನೊಬ್ಬನೇ. ಸುಧನ್ವನ ಹೆಂಡ್ತಿ ಪ್ರಭಾವತಿಯ ಪಾತ್ರ ಮಾಡಿದ್ಮೇಲೆ ಹೆಸರು ಅದೇ ಆಯ್ತು.

ಒಂದು ಶನಿವಾರ ಇಂಗ್ಲಿಷ್ ಸರ್ ಎವಿ ರೂಮಲ್ಲಿ (ಸಿನಿಮಾ ತೋರಿಸುವ ಆಡಿಯೋ-ವಿಶುವಲ್ ರೂಮು) ಅಮೆರಿಕದ ಪ್ರಯೋಗಾತ್ಮಕ ಸಿನಿಮಾ ನಿರ್ದೇಶಕಿ ಮಾಯಾ ಡೆರೆನ್ ಅವರ 'ಮೆಶಸ್ ಆಫ್ ದಿ ಆಫ್ಟರ್‌ನೂನ್' ಹಾಕಿದ್ರು. 1943ರದ್ದು, ಕಪ್ಪು ಬಿಳುಪು, ಡೈಲಾಗೇ ಇಲ್ಲ, ಮ್ಯೂಸಿಕ್ ಕೂಡ 1959ರಲ್ಲಿ ಸೇರಿಸಿದ್ದು. ಗಂಡ ಅಲೆಕ್ಸಾಂಡರ್ ಹ್ಯಾಮಿಡ್ ಜೊತೆ ಲಾಸ್ ಏಂಜಲಿಸ್‌ನ ಮನೆಯಲ್ಲೇ 16 ಎಂಎಂ ಕ್ಯಾಮೆರಾದಲ್ಲಿ ತೆಗೆದದ್ದು, ನಟಿಸಿದ್ದೂ ಅವರೇ. ಅರ್ಧ ಕ್ಲಾಸು ಚರುಮುರಿ ತಿನ್ಲಿಕ್ಕೆ ಎದ್ದು ಹೋಯ್ತು. ಇವ ಮಾತ್ರ ಅಲ್ಲಾಡ್ಲಿಲ್ಲ. ಅದರಲ್ಲಿ ಒಬ್ಬಳೇ ಹೆಂಗಸು ಮೂರು ಜನ ಆಗಿ ಟೇಬಲ್ ಸುತ್ತ ಕೂತ್ಕೊಳ್ತಾಳೆ, ಬಾಯಿಂದ ಕೀ ತೆಗೀತಾಳೆ, ಕಪ್ಪು ಮುಸುಕು ಹಾಕ್ಕೊಂಡು ಒಂದು ಆಕೃತಿ ಹೋಗ್ತದೆ, ತಿರುಗಿದ್ರೆ ಮುಖದ ಜಾಗದಲ್ಲಿ ಬರೀ ಕನ್ನಡಿ.

ಸರ್ ಮನಸ್ಸಿನ ಒಳಗಿನದ್ದು, ಕನಸು ಎಲ್ಲ ಬಿಡಿಸಿ ಹೇಳುವ ಫ್ರಾಯ್ಡ್ ಅಂತ ಶುರು ಮಾಡಿದ್ರು (ಡೆರೆನ್‌ಗೆ ಆ ವ್ಯಾಖ್ಯಾನ ಹಿಡಿಸ್ತಿರಲಿಲ್ಲ ಅಂತ ಆಮೇಲೆ ಓದಿದೆ). ಇವ ಮೆಲ್ಲ ನನ್ನ ಹತ್ರ ಹೇಳಿದ, "ಚೌಕಿಯಲ್ಲಿ (ಆಟದವರು ಬಣ್ಣ ಹಚ್ಚುವ ಜಾಗ) ಬಣ್ಣ ಅರ್ಧ ಆಗುವಾಗ ಕನ್ನಡಿ ನೋಡ್ಬೇಕು ಮಾರಾಯ, ನಾನೂ ಇರುದಿಲ್ಲ, ಪ್ರಭಾವತಿಯೂ ಬಂದಿರುದಿಲ್ಲ." ನನಗೆ ಫ್ರಾಯ್ಡಿಗಿಂತ ಅದೇ ಸರಿ ಕಂಡದ್ದು. ಡೆರೆನ್ 1947ರಲ್ಲಿ ಅಲ್ಲಿಯ ವೋಡು ಧರ್ಮದ ಕುಣಿತ ಶೂಟ್ ಮಾಡ್ಲಿಕ್ಕೆ ಹೈಟಿಗೆ ಹೋದವರು, ಅಲ್ಲಿ ದೇವತೆ ಮೈಮೇಲೆ ಬರುದು ನೋಡಿ ಪುಸ್ತಕವೇ ಬರೆದ್ರು, 1961ರಲ್ಲಿ ಅವರು ತೀರಿಕೊಂಡಾಗ ಆ ಸಿನಿಮಾ ಮುಗಿದಿರಲೇ ಇಲ್ಲ. ಭೂತಕೋಲ ನೋಡಿ ಬೆಳೆದ ನಮಗೆ ಅದರಲ್ಲಿ ಆಶ್ಚರ್ಯ ಎಂತ ಉಂಟು.

ಮತ್ತೆ ಇವನದ್ದೂ ಒಂದು ಸಿನಿಮಾ ಆಯ್ತು. ಮದುವೆ ವಿಡಿಯೋ ಮಾಡುವವರ ಹ್ಯಾಂಡಿಕ್ಯಾಮ್, ಕ್ಯಾಮೆರಾಮನ್ ನಾನು. ಡೆರೆನ್ ಸಿನಿಮಾದಲ್ಲಿ ಅವಳು ಒಂದು ಹೆಜ್ಜೆ ಮರಳಲ್ಲಿ, ಇನ್ನೊಂದು ಹುಲ್ಲಲ್ಲಿ, ಮತ್ತೆ ರೋಡಲ್ಲಿ, ಕಡೆಗೆ ಮನೆಯ ಕಾರ್ಪೆಟ್ ಮೇಲೆ ಇಡ್ತಾಳಲ್ವಾ, ಇವ ಗೆಜ್ಜೆ ಕಟ್ಕೊಂಡು ಮಲ್ಪೆ ಮರಳಲ್ಲಿ ಒಂದು ಕಾಲು, ಗದ್ದೆ ಹುಣಿಯಲ್ಲಿ ಒಂದು, ಬಸ್ ಸ್ಟ್ಯಾಂಡ್ ಸಿಮೆಂಟಲ್ಲಿ ಒಂದು, ಕಡೇದ್ದು ಚೌಕಿಯ ಚಾಪೆ ಮೇಲೆ. ಮುಖ ಅರ್ಧಕ್ಕೆ ಮಾತ್ರ ಬಣ್ಣ. ಬಸ್ ಸ್ಟ್ಯಾಂಡಲ್ಲಿ ಮೀನಿನ ಬುಟ್ಟಿ ಹಿಡ್ಕೊಂಡು ನಿಂತಿದ್ದ ಅಮ್ಮ ಒಬ್ರು "ಆಟ ಎಲ್ಲಿ ಮಗಾ ಇವತ್ತು?" ಅಂತ ಕೇಳಿದ್ದೂ ರೆಕಾರ್ಡ್ ಆಗಿದೆ, ಎಡಿಟಿಂಗಲ್ಲಿ ತೆಗೀಲಿಕ್ಕೆ ಅವ ಬಿಡ್ಲೇ ಇಲ್ಲ, ಇಡೀ ಸಿನಿಮಾದಲ್ಲಿ ಇರುವ ಡೈಲಾಗ್ ಅದೊಂದೇ.

ಕಾಲೇಜ್ ಡೇ ದಿನ ತೋರಿಸ್ಬೇಕು ಅಂತ ಇತ್ತು, ಫಿಲ್ಮ್ ಡ್ಯಾನ್ಸ್‌ಗಳೇ ಮುಗೀಲಿಲ್ಲ, ತೋರಿಸ್ಲಿಕ್ಕೆ ಆಗ್ಲಿಲ್ಲ. ಸಿಡಿ ಇನ್ನೂ ನನ್ನ ಹತ್ರ ಉಂಟು, ನೋಡುವವರಿದ್ರೆ ಹೇಳಿ, ಪ್ಲೇಯರ್ ಮಾತ್ರ ನೀವೇ ತರ್ಬೇಕು.